ಮೂವತ್ತೊಂದನೆಯ ಹೆಸರು

ತರಬೇತಿಯ ಮೊದಲ ದಿನ ಬೆಲ್‌ಗ್ರೇಡಿನಿಂದ ಬಂದ ಹುಡುಗಿ ಮೂವತ್ತೊಂದು ಹೆಂಗಸರನ್ನು ದುಂಡಗೆ ನಿಲ್ಲಿಸಿ, ಅವರ ಕೈಗೆ ಒಂದು ನೂಲಿನ ಉಂಡೆ ಕೊಟ್ಟಳು. ಉಂಡೆ ಯಾರ ಕೈಗೆ ಬರುತ್ತದೋ ಅವರು ತಮ್ಮ ಒಂದು ಭಯವನ್ನು ಎಲ್ಲರ ಮುಂದೆ ಹೇಳಿ, ಆಮೇಲೆ ಅದನ್ನು ಬೇರೆಯವರಿಗೆ ಎಸೆಯಬೇಕು. ಹುಡುಗಿಯ ಹೆಸರು ತಿಯಾನಾ. ಇಪ್ಪತ್ತೇಳೋ ಇಪ್ಪತ್ತೆಂಟೋ ವಯಸ್ಸು, ಕಾಲಿಗೆ ಬೆಳ್ಳನೆಯ ಬೂಟು, ಮುಖದ ಮೇಲೆ ಆರದ ನಗು.

"ಬದಲಾವಣೆಯನ್ನ ಪ್ರೀತಿಸೋದು ಹೇಗೆ ಅಂತ ನಾನು ನಿಮಗೆ ಕಲಿಸ್ತೀನಿ," ಎಂದಳು.

ಇಪ್ಪತ್ತು, ಮೂವತ್ತು ವರ್ಷ ನೂಲಿನಲ್ಲೇ ಬೆರಳು ಸವೆಸಿದವರ ಕೈಗೆ ಆಟಕ್ಕೆಂದು ನೂಲಿನ ಉಂಡೆ! ಅವರಲ್ಲೊಬ್ಬಳಾದ ಲ್ಯುಪ್ಕಾಗೆ ಅಂದೇ ಮೈ ಉರಿದುಹೋಯಿತು. ಉಂಡೆ ತನ್ನ ಕೈಗೆ ಬಂದಾಗ ಅವಳು ಅದನ್ನು ಎಸೆಯಲಿಲ್ಲ. ನೆಲದ ಮೇಲೆಲ್ಲ ಜೋತುಬಿದ್ದ ಎಳೆಯನ್ನು ನೋಡಿ, "ನನ್ನ ಭಯ ಇದೇ ಕಣಮ್ಮಾ. ಇಷ್ಟು ಚೆನ್ನಾಗಿರೋ ನೂಲನ್ನ ಸಿಕ್ಕು ಮಾಡಿದ್ದೀಯಲ್ಲ, ಇದನ್ನ ಬಿಡಿಸೋರು ಯಾರು?" ಎಂದಳು.

ಹೆಂಗಸರು ಗೊಳ್ಳೆಂದು ನಕ್ಕರು. ತಿಯಾನಾ ಕೂಡ ನಕ್ಕಳು, ಆದರೆ ಕೈಯಲ್ಲಿದ್ದ ಹಾಳೆಯಲ್ಲಿ ಏನನ್ನೋ ಬರೆದುಕೊಂಡಳು.

ಅದು ಕಾಲುಚೀಲದ ಕಾರ್ಖಾನೆ, ದಕ್ಷಿಣ ಮೊರಾವಾ ನದಿಯ ದಂಡೆಯ ಸಣ್ಣ ಊರಿನದು. ಊರಿನಲ್ಲಿದ್ದ ಚರ್ಮದ ಕಾರ್ಖಾನೆ, ಕುರ್ಚಿ ಕಾರ್ಖಾನೆ ಎರಡೂ ಬಾಗಿಲು ಹಾಕಿ ಯಾವ ಕಾಲವಾಗಿತ್ತೋ. ಉಳಿದಿದ್ದು ಇದೊಂದೇ, ಇದನ್ನೂ ಈಗ ಹೊರದೇಶದವರು ಕೊಂಡಿದ್ದರು. ಲ್ಯುಪ್ಕಾ ಇಪ್ಪತ್ತನಾಲ್ಕು ವರ್ಷದಿಂದ ಕಾಲುಚೀಲದ ಬೆರಳ ತುದಿಯ ಬಾಯಿ ಮುಚ್ಚುವ ಕೆಲಸದಲ್ಲಿದ್ದಳು. ಸುತ್ತುವ ತಟ್ಟೆಯ ಅಂಚಿನಲ್ಲಿ ಕೂದಲೆಳೆಯಷ್ಟು ಅಂತರಕ್ಕೊಂದು ಮುಳ್ಳು. ಕಾಲುಚೀಲದ ಒಂದೊಂದು ಕುಣಿಕೆಯನ್ನೂ ಒಂದೊಂದು ಮುಳ್ಳಿಗೆ ಏರಿಸಬೇಕು, ಒಂದೂ ತಪ್ಪಬಾರದು. ತಪ್ಪಿದರೆ ಮೂರನೇ ಒಗೆತಕ್ಕೆ ಹೆಬ್ಬೆರಳು ಹೊರಗೆ ಇಣುಕುತ್ತದೆ. ಹೊಸ ಯಂತ್ರಗಳಿಗೆ ಈ ರಗಳೆಯೇ ಇರಲಿಲ್ಲ. ಹೆಣೆಯುವುದೂ ಅವೇ, ಬಾಯಿ ಮುಚ್ಚುವುದೂ ಅವೇ. ಅವಕ್ಕೆ ಬೇಕಾದದ್ದು ಪರದೆಯ ಮುಂದೆ ನಿಂತು ಗುಂಡಿ ಒತ್ತುವವರು, ನಿಂತುಹೋದಾಗ ಯಾಕೆ ನಿಂತಿತೆಂದು ತಿಳಿಯುವವರು.

ಅದಕ್ಕೇ ಆರು ವಾರದ ತರಬೇತಿ. ಖರ್ಚು ಸರ್ಕಾರದ್ದು. ಸಿಬ್ಬಂದಿ ವಿಭಾಗದ ಗೊರ್ದಾನ್ ಮೊದಲ ದಿನವೇ ಊಟದ ಕೋಣೆಗೆ ಬಂದು, "ಪರೀಕ್ಷೆಯಲ್ಲಿ ನೂರಕ್ಕೆ ಅರವತ್ತು ಬಂದವರೆಲ್ಲ ಪಾಸು. ಯಾರೂ ಹೆದರ್ಬೇಡಿ. ಆದ್ರೆ ನಕಲು ಹೊಡೆದು ಸಿಕ್ಕಿಬಿದ್ದೋರು ಕೆಲಸ ಬಿಡಿಸಿದ್ದಕ್ಕೆ ಕೊಡೋ ಪರಿಹಾರದ ಒಂದು ದಿನಾರೂ ಇಲ್ಲದೆ ಮನೆಗೆ," ಎಂದಿದ್ದ.

ಮೊದಲ ನಾಲ್ಕು ವಾರ ತಿಯಾನಾ ಗೋಡೆಯ ಮೇಲೆ ಬಣ್ಣಬಣ್ಣದ ಚಿತ್ರ ಅಂಟಿಸಿ ತೋರಿಸಿದಳು. ಬೆಟ್ಟ ಹತ್ತುವವನ ಚಿತ್ರ, ಚಿಟ್ಟೆಯ ಚಿತ್ರ, ಕೈಕೈ ಹಿಡಿದವರ ಚಿತ್ರ. ಯಂತ್ರದ ಚಿತ್ರ ಮಾತ್ರ ಇಲ್ಲ. ಐದನೇ ವಾರದಲ್ಲಿ ಯಂತ್ರದ ಕೈಪಿಡಿ ಹಂಚಿದಳು. ಇನ್ನೂರು ಪುಟ. ಅದನ್ನು ಸೆರ್ಬಿಯನ್‌ಗೆ ಯಾರು ತಿರುಗಿಸಿದ್ದರೋ, ಒಂದು ವಾಕ್ಯವೂ ನೆಟ್ಟಗೆ ಬಾಯಿಗೆ ಬರುತ್ತಿರಲಿಲ್ಲ. "ಮನೇಲಿ ಓದ್ಕೊಳ್ಳಿ," ಎಂದಳು. ಅವಳಿಗೂ ಅದು ಅರ್ಥವಾಗಿರಲಿಲ್ಲ, ಪಾಪ.

ಅರ್ಥ ಮಾಡಿಕೊಂಡವಳು ಲ್ಯುಪ್ಕಾ ಒಬ್ಬಳೇ. ಅದೂ ಸಿಟ್ಟಿನಿಂದ. ಪಾಳಿ ಮುಗಿದ ಮೇಲೆ ಹೊಸ ಯಂತ್ರದ ಪಕ್ಕ ಎರಡೆರಡು ಗಂಟೆ ನಿಂತಳು. ಬೇಕೆಂದೇ ಎಳೆ ತುಂಡು ಮಾಡಿದಳು, ಸೂಜಿ ಬಗ್ಗಿಸಿದಳು, ಪರದೆಯಲ್ಲಿ ಯಾವ ಅಂಕಿ ಬರುತ್ತದೆಂದು ನೋಡಿ ನೋಟ್‌ಬುಕ್ಕಿನಲ್ಲಿ ಬರೆದುಕೊಂಡಳು. ಹದಿನೇಳು ಬಂದರೆ ಎಳೆಯ ಬಿಗಿ ಹೆಚ್ಚಾಗಿದೆ. ಇಪ್ಪತ್ತೆರಡು ಬಂದರೆ ಗಾಳಿಯ ಒತ್ತಡ ಸಾಲದು. ನಲವತ್ತು ಬಂದರೆ ಮುಟ್ಟಬೇಡ, ಮೆಕ್ಯಾನಿಕ್‌ನನ್ನು ಕರೆ. ಅವಳ ಗಂಡ ಸ್ರೆತೆನ್ ಸ್ಲೋವಾಕಿಯಾದಲ್ಲಿ ಕಾರಿನ ಬಿಡಿಭಾಗ ಜೋಡಿಸುತ್ತಿದ್ದ, ವರ್ಷಕ್ಕೆ ಎರಡು ಸಲ ಮುಖ ಕಾಣುತ್ತಿತ್ತು. ಮಗಳು ದುನ್ಯಾಳದು ಹೈಸ್ಕೂಲಿನ ಕೊನೆಯ ವರ್ಷ. ಈ ಕೆಲಸ ಹೋದರೆ ಲ್ಯುಪ್ಕಾ ಕೂಡ ಸ್ಲೋವಾಕಿಯಾದ ಬಸ್ಸು ಹತ್ತಬೇಕು, ಮನೆಗೆ ಬೀಗ ಬೀಳಬೇಕು, ಹುಡುಗಿ ಯಾರದೋ ಮನೆಯ ಮೂಲೆಯಲ್ಲಿ ಮಲಗಿ ಶಾಲೆಗೆ ಹೋಗಬೇಕು. ಮನೆಯಲ್ಲಿ ಒಬ್ಬರಾದರೂ ಇರಲೇಬೇಕು ಎಂದು ಗಂಡ ಹೆಂಡತಿ ತೀರ್ಮಾನ ಮಾಡಿ ಆರು ವರ್ಷವಾಗಿತ್ತು.

ಪರೀಕ್ಷೆಗೆ ಮೂರು ದಿನ ಇರುವಾಗ ವೆರ್ಕಾ ಶೌಚಾಲಯದಲ್ಲಿ ಅತ್ತಳು. ವೆರ್ಕಾ ಅಂದರೆ ಲ್ಯುಪ್ಕಾಳ ಕೂಮಾ, ಲ್ಯುಪ್ಕಾಳೂ ಅವಳಿಗೆ ಕೂಮಾ. ಲ್ಯುಪ್ಕಾಳ ಮದುವೆಯಲ್ಲಿ ಸಾಕ್ಷಿಯಾಗಿ ನಿಂತವಳು, ದುನ್ಯಾಳನ್ನು ಚರ್ಚಿನಲ್ಲಿ ಎತ್ತಿ ಹಿಡಿದು ಹೆಸರಿಟ್ಟವಳು. ಆ ಸೀಮೆಯಲ್ಲಿ ಒಡಹುಟ್ಟಿದವರ ಜೊತೆ ಜಗಳವಾಡಿ ಮಾತು ಬಿಡಬಹುದು, ಕೂಮಾ ಜೊತೆ ಆಗದು. ಕೂಮಾ ಬಾಯಿಬಿಟ್ಟು ಕೇಳಿದ್ದನ್ನು ಇಲ್ಲ ಅನ್ನುವಂತಿಲ್ಲ.

"ನಂಗೆ ಒಂದಕ್ಷರ ತಲೆಗೆ ಹೋಗ್ತಿಲ್ಲ ಕಣೇ," ಎಂದು ವೆರ್ಕಾ ಮೂಗೊರೆಸಿಕೊಂಡಳು. "ಆ ಪುಸ್ತಕ ತೆಗೆದ್ರೆ ನಿದ್ದೆ ಬರುತ್ತೆ, ಮುಚ್ಚಿದ್ರೆ ನಿದ್ದೆ ಹೋಗುತ್ತೆ."

"ಅಳ್ಬೇಡ. ನಾನಿದೀನಲ್ಲ."

"ನೀನಿದ್ರೆ? ನನ್ನ ಬದಲು ನೀನು ಬರೀತೀಯಾ?"

"ನಿನಗೆ ಕಣ್ಣಿದೆಯೋ ಇಲ್ವೋ? ನನ್ನ ತುಟಿ ನೋಡು, ಸಾಕು."

ತುಟಿ ನೋಡುವುದು ಅಲ್ಲಿ ಎಲ್ಲರಿಗೂ ಬರುತ್ತಿತ್ತು. ಹೆಣಿಗೆ ಯಂತ್ರಗಳ ಗದ್ದಲದಲ್ಲಿ ಕಿವಿಗೆ ಬಾಯಿಟ್ಟು ಕೂಗಿದರೂ ಕೇಳದು. ಹಾಗಾಗಿ ಹೆಂಗಸರು ದನಿ ಹೊರಡಿಸದೆ ಬರೀ ತುಟಿಯಲ್ಲಿ ಮಾತಾಡುತ್ತಿದ್ದರು. ಯಾರ ಸೊಸೆ ಬಸುರಿ, ಮೇಲ್ವಿಚಾರಕನ ಪ್ಯಾಂಟಿನ ಗುಂಡಿ ಬಿಚ್ಚಿದೆ, ಎಲ್ಲ ಸುದ್ದಿಯೂ ಆ ತುದಿಯಿಂದ ಈ ತುದಿಗೆ ತುಟಿಯ ಮೇಲೇ ಹೋಗುತ್ತಿತ್ತು. ಸುದ್ದಿ ವೆರ್ಕಾಳಿಂದ ಉಳಿದವರಿಗೂ ಹೋಯಿತು. ಲ್ಯುಪ್ಕಾ ಯಾರಿಗೂ ಆಗದು ಅನ್ನಲಿಲ್ಲ. ಶಾಲೆಯ ಕಾಲದಿಂದಲೂ ಉತ್ತರ ಗೊತ್ತಿದ್ದೂ ಪಕ್ಕದವರಿಗೆ ಹೇಳದವಳನ್ನು ಅಲ್ಲಿ ಯಾರೂ ಮನುಷ್ಯರ ಲೆಕ್ಕಕ್ಕೆ ಸೇರಿಸುತ್ತಿರಲಿಲ್ಲ.

"ಒಂದು ಮಾತು," ಎಂದು ಮಾತ್ರ ಎಚ್ಚರಿಸಿದಳು. "ಎಲ್ರೂ ಪೂರ್ತಿ ಸರಿ ಮಾಡಿದ್ರೆ ಅನುಮಾನ ಬರುತ್ತೆ. ಒಬ್ಬೊಬ್ರು ಎರಡೆರಡು ತಪ್ಪು ಬೇಕಂತಲೇ ಮಾಡ್ರೇ."

ಪರೀಕ್ಷೆ ಗುರುವಾರ, ಊಟದ ಕೋಣೆಯಲ್ಲಿ. ಒಬ್ಬೊಬ್ಬರ ಮುಂದೂ ಒಂದೊಂದು ಟ್ಯಾಬ್. ಮೂವತ್ತು ಪ್ರಶ್ನೆ, ಒಂದೊಂದಕ್ಕೂ ನಾಲ್ಕು ಉತ್ತರ, ಒಂದು ಗಂಟೆ. ಎಲ್ಲರೂ ಗೋಡೆಯ ಕಡೆ ಮುಖ ಮಾಡಿ ಕೂತಿದ್ದರು. ಲ್ಯುಪ್ಕಾ ಕೂತ ಕಡೆ ಕಿಟಕಿಯೂ ತೆರೆದಿತ್ತು, ಬಾಗಿಲೂ ತೆರೆದಿತ್ತು.

"ಮೇಡಂ, ಇಲ್ಲಿ ಅಡ್ಡಗಾಳಿ ಹೊಡೀತಿದೆ," ಎಂದು ಅವಳು ಸೊಂಟ ಹಿಡಿದುಕೊಂಡಳು.

ಅಡ್ಡಗಾಳಿ ಅಂದದ್ದೇ ತಡ, ತಿಯಾನಾ ಗಾಬರಿಯಾಗಿ ತನ್ನ ಕುತ್ತಿಗೆಗೂ ಶಾಲು ಸುತ್ತಿಕೊಂಡಳು. ಬೆಲ್‌ಗ್ರೇಡಿನಲ್ಲಿ ಎಷ್ಟು ಓದಿದರೇನು, ಅವಳ ಅಜ್ಜಿಯೂ ಅಡ್ಡಗಾಳಿ ತಾಗಿದರೆ ಕಾಯಿಲೆ ಎಂದು ಹೆದರಿಸಿಯೇ ಬೆಳೆಸಿದ್ದಳು. "ಅಯ್ಯೋ, ಅಲ್ಲಿ ಕೂರ್ಬೇಡಿ, ಕಿವಿ ಹಿಡ್ಕೊಳುತ್ತೆ!" ಎಂದು ತಾನೇ ಕುರ್ಚಿ ಎಳೆದು ಎಲ್ಲರ ಎದುರಿನ ಗೋಡೆಯ ಮೂಲೆಗೆ ಹಾಕಿದಳು. ಲ್ಯುಪ್ಕಾಳ ಮುಖ ಈಗ ಮೂವತ್ತು ಜನರ ಕಡೆಗಿತ್ತು.

ಅರ್ಧ ಗಂಟೆಯಲ್ಲಿ ಅವಳು ಮೂವತ್ತು ಉತ್ತರವನ್ನೂ ತುಟಿಯಲ್ಲಿ ಹೇಳಿ ಮುಗಿಸಿದಳು. ಎದುರಿಗೇ ಕೂತಿದ್ದ ವೆರ್ಕಾ ಕೊನೆಯ ಗುಂಡಿ ಒತ್ತಿ, ಮೂವತ್ತನಾಲ್ಕನೇ ನಿಮಿಷಕ್ಕೆ ಸಿಗರೇಟು ಸೇದಲು ಹೊರಗೆ ಹೋದಳು. ಒಬ್ಬೊಬ್ಬರಾಗಿ ಉಳಿದವರೂ ಎದ್ದರು. ಹಿಂದಿನ ಸಾಲಿನ ನಾಲ್ಕೈದು ಮಂದಿಗೆ ನಡುನಡುವೆ ತಪ್ಪಿಹೋಗಿತ್ತು. ಎಲ್ಲರಿಗಿಂತ ಹಿರಿಯಳಾದ ಬೊಸಿಲ್ಕಾ ಕನ್ನಡಕ ಮನೆಯಲ್ಲೇ ಮರೆತು ಬಂದಿದ್ದಳು, ಹಾಳಾದ್ದು. ಲ್ಯುಪ್ಕಾ ಅವರಿಗಾಗಿ ಮತ್ತೆ ಒಂದರಿಂದ ಶುರು ಮಾಡಿದಳು.

ತಿಯಾನಾ ಹತ್ತಿರ ಬಂದು, "ಪ್ರಾರ್ಥನೆ ಮಾಡ್ತಿದ್ದೀರಾ?" ಎಂದು ಮೆಲ್ಲಗೆ ಕೇಳಿದಳು.

"ಹೌದು ಮೇಡಂ. ಮೂವತ್ತು ಪ್ರಶ್ನೆಗೆ ಮೂವತ್ತು ಸಲ."

ಬೊಸಿಲ್ಕಾ ಎದ್ದ ಮೇಲೆ ಲ್ಯುಪ್ಕಾ ತನ್ನ ಕೊನೆಯ ಗುಂಡಿ ಒತ್ತಿದಳು. ಐವತ್ತೆಂಟು ನಿಮಿಷವಾಗಿತ್ತು.

ಶುಕ್ರವಾರ ಬೆಳಗ್ಗೆ ಊಟದ ಕೋಣೆಯ ಬಾಗಿಲಿಗೆ ಪಟ್ಟಿ ಅಂಟಿಸಿದರು. ಮೂವತ್ತೊಂದು ಹೆಸರು. ಅಂಕಗಳ ಸಾಲಿನಲ್ಲಿ ಮೇಲಿಂದ ಕೆಳಗಿನವರೆಗೆ ಮೂವತ್ತು, ಮೂವತ್ತು, ಮೂವತ್ತು. ಬೇಕಂತಲೇ ತಪ್ಪು ಮಾಡುವ ಧೈರ್ಯ ಒಬ್ಬಳಿಗೂ ಬಂದಿರಲಿಲ್ಲ, ಬೇರೆಯವರು ಮಾಡುತ್ತಾರೆ ಬಿಡು ಎಂದುಕೊಂಡಿದ್ದರು. ಅದರ ಪಕ್ಕದ ಸಾಲಿನಲ್ಲಿ ಸಮಯ. ಮೊದಲ ಹೆಸರು ವೆರ್ಕಾಳದು. ಒಂಬತ್ತನೇ ಹೆಸರಿನ ಕೆಳಗೆ ಒಂದು ಗೆರೆ. ಗೆರೆಯ ಮೇಲಿನವರು ಹೊಸ ಯಂತ್ರಗಳಿಗೆ, ಕೆಳಗಿನವರು ತಾಂತ್ರಿಕ ಹೆಚ್ಚುವರಿ. ಕೆಲಸದಿಂದ ತೆಗೆದವರಿಗೆ ಆ ದೇಶದ ಕಾಗದಗಳಲ್ಲಿರುವ ಹೆಸರು ಅದು. ಹೊಲಿದು ಉಳಿದ ಬಟ್ಟೆಯ ಚೂರುಗಳೇನೋ ಅನ್ನುವ ಹಾಗೆ.

ಲ್ಯುಪ್ಕಾ ತನ್ನ ಹೆಸರನ್ನು ಮೇಲಿಂದ ಹುಡುಕಿಕೊಂಡು ಬಂದಳು. ಮೂವತ್ತೊಂದನೆಯದಾಗಿ ಸಿಕ್ಕಿತು.

ಸುತ್ತ ನಿಂತವರು ಯಾರೂ ಅವಳ ಮುಖ ನೋಡಲಿಲ್ಲ. ಇಪ್ಪತ್ತೊಂದು ಹೆಂಗಸರಿಗೆ ತಮ್ಮ ತಮ್ಮ ಕಷ್ಟವೇ ಬೆಟ್ಟದಷ್ಟಿತ್ತು, ಒಂಬತ್ತು ಹೆಂಗಸರಿಗೆ ಕಾಲಿನ ಬೂಟು ಬಿಟ್ಟರೆ ನೋಡಲು ಬೇರೇನೂ ಇರಲಿಲ್ಲ. ಬೊಸಿಲ್ಕಾ ಒಬ್ಬಳೇ ಅವಳ ತೋಳು ಹಿಡಿದು, "ನನ್ನಿಂದ ಆಯ್ತಲ್ಲೇ ಮಗಳೇ, ನನ್ನ ಕಣ್ಣು ಇಂಗಿಹೋಗ," ಎಂದು ಗೊಣಗಿದಳು. ಅವಳ ಹೆಸರು ಮೂವತ್ತನೆಯದು.

ಲ್ಯುಪ್ಕಾ ಮೆಟ್ಟಿಲು ಹತ್ತಿ ನೇರವಾಗಿ ಗೊರ್ದಾನನ ಕೋಣೆಗೆ ನುಗ್ಗಿದಳು.

"ಅರವತ್ತು ಬಂದವರೆಲ್ಲ ಪಾಸು ಅಂದಿದ್ರಿ."

"ಪಾಸೇ. ಎಲ್ರೂ ಪಾಸು. ಬುಧವಾರ ಸಚಿವಾಲಯದವರು ಬಂದು ಎಲ್ರಿಗೂ ಪ್ರಮಾಣಪತ್ರ ಕೊಡ್ತಾರೆ," ಎಂದ ಗೊರ್ದಾನ್. ಮೃದು ಮಾತಿನ ಮನುಷ್ಯ, ಕ್ಷಮೆ ಕೇಳುವಂತೆ ಕೈ ಮಡಿಸಿಕೊಂಡೇ ಕೂರುತ್ತಿದ್ದ. "ಪಾಸು ಅಂದಿದ್ದೆ. ಕೆಲಸ ಅಂದಿರ್ಲಿಲ್ಲ. ಯಂತ್ರ ಇರೋದು ಒಂಬತ್ತು."

"ಮೊದಲೇ ಗೊತ್ತಿತ್ತಾ ನಿಮಗೆ?"

"ಅದು ಮೇಲಿನವರ ತೀರ್ಮಾನ. ಅಂಕ ಸಮ ಬಂದ್ರೆ ವೇಗ ನೋಡೋದು. ಕಂಪ್ಯೂಟರ್ ತಾನಾಗೇ ಮಾಡಿದ ಪಟ್ಟಿ ಅದು, ನಾನು ಕೈ ಕೂಡ ಹಾಕಿಲ್ಲ."

"ಯಂತ್ರದ ಹತ್ರ ಬನ್ನಿ. ನಿಮಗೆ ಬೇಕಾದ್ದು ಕೆಡಿಸಿ. ನಾನು ಸರಿ ಮಾಡ್ತೀನಿ. ಆ ಒಂಬತ್ತು ಜನರಲ್ಲಿ ಯಾರಾದ್ರೂ ಮಾಡ್ಲಿ ನೋಡೋಣ."

ಗೊರ್ದಾನ್ ಕಂಪ್ಯೂಟರಿನ ಪರದೆ ನೋಡಿ ತಲೆ ಕೊಡವಿದ. "ನಿಮ್ಮದು ನಿಧಾನದ ಸ್ವಭಾವ ಅಂತ ಬಂದಿದೆ. ಬದಲಾವಣೆಗೆ ವಿರೋಧ ಅಂತಾನೂ ಬಂದಿದೆ. ಮೊದಲನೇ ದಿನದ ನೂಲಿನ ಆಟ... ಇರ್ಲಿ, ಬೇಜಾರು ಮಾಡ್ಕೋಬೇಡಿ. ನಿಮ್ಮಂಥವ್ರಿಗೆ ಉದ್ಯೋಗ ಕಚೇರೀಲಿ ಇನ್ನೊಂದು ತರಬೇತಿ ಇದೆ. ಮೂರು ವಾರ. ಉಗುರಿಗೆ ಬಣ್ಣ ಹಚ್ಚೋದು."

"ಈ ಊರಲ್ಲಿ? ಕೆಲಸ ಕಳ್ಕೊಂಡ ಇಪ್ಪತ್ತೆರಡು ಜನ ಒಬ್ಬರಿಗೊಬ್ಬರು ಉಗುರಿಗೆ ಬಣ್ಣ ಹಚ್ಕೊಂಡು ಬೀದೀಲಿ ಕೂರೋದಾ?"

ಅವಳ ನಾಲಿಗೆಯ ತುದಿಯಲ್ಲಿ ಒಂದು ಮಾತಿತ್ತು. ಅದನ್ನು ಹೇಳಿದರೆ ಮೂವತ್ತು ಹೆಂಗಸರಿಗೂ ಕೆಲಸವೋ ಪರಿಹಾರವೋ ತಪ್ಪುತ್ತದೆ. ನುಂಗಿಕೊಂಡು ಕೆಳಗಿಳಿದಳು.

ಶನಿವಾರ ಮಧ್ಯಾಹ್ನ ವೆರ್ಕಾಳ ಅಂಗಳಕ್ಕೆ ಹೋದಳು. ಬೀದಿಯ ಎಲ್ಲ ಅಂಗಳಗಳಲ್ಲೂ ಕೆಂಪು ದಪ್ಪ ಮೆಣಸಿನಕಾಯಿ ಸುಡುವ ಹೊಗೆ. ಚಳಿಗಾಲಕ್ಕೆ ಸೀಸೆ ತುಂಬಿಡುವ ಕಾಲ ಅದು. ವೆರ್ಕಾ ಒಲೆಯ ಮುಂದೆ ತೋಳು ಮಡಿಸಿ ಕೂತಿದ್ದಳು. ಲ್ಯುಪ್ಕಾಳನ್ನು ಕಂಡದ್ದೇ ಎದ್ದು ಕಾಫಿ ಮಾಡಿದಳು, ತಟ್ಟೆಯಲ್ಲಿ ಸಕ್ಕರೆ ಪಾಕದ ಚೆರ್ರಿ ಇಟ್ಟಳು. ಗಂಡ ದ್ರಾಗಿಶಾನ ಮಂಡಿನೋವು, ಪಕ್ಕದ ಮನೆಯವರ ನಾಯಿ, ಈ ಸಲ ಮೆಣಸಿನಕಾಯಿಯ ಸಿಪ್ಪೆ ಎಷ್ಟು ದಪ್ಪ ಎಂಬುದು, ಎಲ್ಲ ಹೇಳಿದಳು. ಪಟ್ಟಿಯ ಮಾತು ಎತ್ತಲಿಲ್ಲ.

ಲ್ಯುಪ್ಕಾ ಚಾಕು ತೆಗೆದುಕೊಂಡು ಸುಟ್ಟ ಮೆಣಸಿನಕಾಯಿಯ ಸಿಪ್ಪೆ ಬಿಡಿಸುತ್ತ ಕೂತಳು. ಅವಳು ಕಾಯುತ್ತಿದ್ದಳು. ಕೇಳಬಹುದಿತ್ತು. ಆದರೆ ಕೇಳಿದರೆ ವೆರ್ಕಾ ಇಲ್ಲ ಅನ್ನುವಂತಿಲ್ಲ, ಕೂಮಾ ಕೇಳಿದ್ದು. ಹಾಗೆ ಪಡೆದದ್ದು ಕಿತ್ತುಕೊಂಡದ್ದಕ್ಕೆ ಸಮ ಎಂದು ಅವಳ ಮನಸ್ಸು. ವೆರ್ಕಾಳೇ ಹೇಳಲಿ. ದ್ರಾಗಿಶಾಗೆ ರೈಲ್ವೆಯಲ್ಲಿ ಕೆಲಸವಿದೆ, ಇಬ್ಬರು ಗಂಡುಮಕ್ಕಳೂ ದುಡಿಯುತ್ತಿದ್ದಾರೆ. ಕೂಮಾ, ಇದು ನಿನ್ನ ಜಾಗ ಕಣೇ, ನಡಿ ಹೋಗಿ ಹೇಳೋಣ, ಎಂದು ಅವಳ ಬಾಯಿಂದ ಬರಲಿ. ಬರೀ ಅಷ್ಟು ಅಂದರೂ ಸಾಕು, ಜಾಗ ಬೇಡವೇ ಬೇಡ ಎಂದುಬಿಡುವಷ್ಟು ಹುಚ್ಚು ಲ್ಯುಪ್ಕಾಳಿಗೆ ಆ ಹೊತ್ತಿನಲ್ಲಿತ್ತು.

ಒಂದು ಬುಟ್ಟಿ ಮುಗಿಯಿತು. ವೆರ್ಕಾ ಕೈ ಒರೆಸಿಕೊಂಡಳು.

"ಕೂಮಾ."

"ಹೇಳು."

"ಕೆಂಪು ದೀಪ ಹತ್ತಿ ಹದಿನೇಳು ಅಂತ ಬಂದ್ರೆ ಏನೋ ಮಾಡ್ಬೇಕಲ್ಲ, ಏನದು? ಸೋಮವಾರದಿಂದ ಯಂತ್ರದ ಮುಂದೆ ನಿಂತ್ಕೋಬೇಕು, ನನ್ನ ಎದೆ ಡವಡವ ಅಂತಿದೆ. ನಿನ್ನ ಆ ನೋಟ್‌ಬುಕ್ ನಂಗೆ ಕೊಡ್ತೀಯಾ?"

ಲ್ಯುಪ್ಕಾಳಿಗೆ ಅಲ್ಲೇ ಇದ್ದ ಮೆಣಸಿನಕಾಯಿಯ ಹಂಡೆಯನ್ನು ಒದ್ದು ಅಂಗಳದ ತುಂಬ ಚೆಲ್ಲಿಬಿಡಬೇಕೆನಿಸಿತು. ಆದರೆ ಕೂಮಾ ಬಾಯಿಬಿಟ್ಟು ಕೇಳಿದ್ದಳು. ಚೀಲದಿಂದ ನೋಟ್‌ಬುಕ್ ತೆಗೆದು ಮೇಜಿನ ಮೇಲಿಟ್ಟು, ಕಾಫಿ ಮುಗಿಸದೆ ಎದ್ದು ಹೋದಳು.

ಭಾನುವಾರವಿಡೀ ಅವಳು ಮನೆ ಒರೆಸಿದಳು. ಒರೆಸಿದ್ದನ್ನೇ ಮತ್ತೆ ಒರೆಸಿದಳು. ದುನ್ಯಾ ಒಂದು ಸಲ, "ಅಮ್ಮಾ, ಯಾರ ಮೇಲೆ ಸಿಟ್ಟು?" ಎಂದು ಕೇಳಿ, ಉತ್ತರ ಬರದೆ ಕೋಣೆಗೆ ಹೋಗಿ ಬಾಗಿಲು ಹಾಕಿಕೊಂಡಳು. ಯಾರ ಮೇಲೆ ಎಂದು ಹೇಳುವುದು? ಸುಳ್ಳು ಹೇಳಿ ಮೂವತ್ತೊಂದು ಜನರನ್ನು ಓಟಕ್ಕೆ ಬಿಟ್ಟವರ ಮೇಲೆ, ಓಟವೆಂದು ತಿಳಿಯದೆ ಎಲ್ಲರಿಗೂ ಬಾಗಿಲು ಹಿಡಿದು ನಿಂತ ತನ್ನ ಮೇಲೆ. ಎಲ್ಲಕ್ಕಿಂತ ಹೆಚ್ಚಾಗಿ ಆ ನೋಟ್‌ಬುಕ್ ಕೇಳಿದ ಬಾಯಿಯ ಮೇಲೆ.

ಸೋಮವಾರ ಬೆಳಗ್ಗೆ ಆರೂವರೆಗೆ ಗೊರ್ದಾನ್ ಬಾಗಿಲ ಬೀಗ ತೆಗೆಯುವಾಗಲೇ ಅವನ ಹಿಂದೆ ನಿಂತಿದ್ದಳು.

"ಕೆಲಸ ಬಿಡೋರ ಕಾಗದಪತ್ರ ಹತ್ತು ಗಂಟೆಗೆ," ಎಂದ ಅವನು.

"ಪರೀಕ್ಷೆಯಲ್ಲಿ ಎಲ್ರಿಗೂ ಉತ್ತರ ಹೇಳಿಕೊಟ್ಟಿದ್ದು ನಾನು."

ಗೊರ್ದಾನ್ ಅವಳನ್ನು ಒಳಗೆ ಬಿಟ್ಟು ಬಾಗಿಲು ಮುಚ್ಚಿದ. ಕೂರಲಿಲ್ಲ. ಅವನ ಮುಖದಲ್ಲಿ ಸಿಟ್ಟು ಬರುತ್ತದೆ, ಕೂಗಾಡುತ್ತಾನೆ ಎಂದು ಅವಳು ಎಣಿಸಿದ್ದಳು. ಬಂದದ್ದು ಹೆದರಿಕೆ.

"ಹಾಗೆಲ್ಲ ಹೇಳ್ಬೇಡಿ. ಯಾರೂ ನಕಲು ಮಾಡಿಲ್ಲ."

"ನಾನೇ ಹೇಳ್ತಿದೀನಲ್ಲ ಮಾಡಿದೀವಿ ಅಂತ! ಮೂವತ್ತೊಂದು ಜನಕ್ಕೆ ಮೂವತ್ತಕ್ಕೆ ಮೂವತ್ತು ಬರುತ್ತಾ? ನಿಮಗೇನು ಅನುಮಾನಾನೇ ಬರ್ಲಿಲ್ವಾ?"

"ನೂರಕ್ಕೆ ನೂರು ಯಶಸ್ಸು ಅಂತ ಸಚಿವಾಲಯಕ್ಕೆ ವರದಿ ಶುಕ್ರವಾರವೇ ಹೋಗಿದೆ. ನೀವು ಈಗ ಹೀಗೆ ಅಂದ್ರೆ..."

ಲ್ಯುಪ್ಕಾಗೆ ಆಗ ಎಲ್ಲ ಬೆಳಕಾಯಿತು. ಇವರಿಗೆ ಬೇಕಾಗಿದ್ದು ಕಲಿತವರಲ್ಲ, ಮೂವತ್ತೊಂದು ಪಾಸಿನ ಕಾಗದ. ಅದನ್ನು ಅವರ ಕೈಗೆ ದುಡಿದು ಕೊಟ್ಟವಳು ತಾನೇ. ಮೂವತ್ತು ಜನರ ಹೊಟ್ಟೆಗೆ ಕಲ್ಲು ಬೀಳುತ್ತದೆಂದು ಮೂರು ದಿನದಿಂದ ಬಾಯಿ ಮುಚ್ಚಿಕೊಂಡು ಒದ್ದಾಡಿದಳಲ್ಲ, ಆ ನಿಜ ಹೊರಗೆ ಬಂದರೆ ಹಿಡಿಯುವುದು ಇವನ ಗಂಟಲನ್ನು.

"ಬುಧವಾರ ಸಚಿವಾಲಯದವರು ಬರ್ತಾರಲ್ಲ," ಎಂದಳು. "ಪ್ರಮಾಣಪತ್ರ ತಗೊಳ್ಳೋವಾಗ ಅವರ ಕಿವೀಲೇ ಹೇಳ್ತೀನಿ. ಇಲ್ಲ, ಕಿವೀಲಿ ಯಾಕೆ, ಮೈಕಲ್ಲೇ ಹೇಳ್ತೀನಿ."

ಗೊರ್ದಾನ್ ಕುರ್ಚಿಯಲ್ಲಿ ಕೂತ. ಆಮೇಲೆ ಡ್ರಾಯರಿನಿಂದ ಒಂದು ಹಾಳೆ ತೆಗೆದು ಅವಳ ಕಡೆ ತಿರುಗಿಸಿಟ್ಟ. ಒಂಬತ್ತು ಹೆಸರು. ಅದರ ಪಕ್ಕ ಒಂದು ಪೆನ್ನು ಇಟ್ಟ.

"ನಿಮ್ಮ ಹೆಸರು ಸೇರಿಸ್ತೀನಿ. ಯಂತ್ರ ಒಂಬತ್ತೇ. ಒಬ್ಬರನ್ನ ತೆಗೀಬೇಕು. ಯಾರನ್ನ ಅಂತ ನೀವೇ ಹೇಳಿ."

"ನಾನ್ಯಾಕೆ ಹೇಳ್ಲಿ? ಅದು ನಿಮ್ಮ ಕೆಲಸ."

"ನಂಗೆ ಇವರ್ಯಾರೂ ಗೊತ್ತಿಲ್ಲ. ನಿಮಗೆ ಗೊತ್ತು. ಯಾರಿಗೆ ಎಷ್ಟು ಬರುತ್ತೆ, ಯಾರ ಮನೇಲಿ ಏನಿದೆ, ನಿಮಗೆ ಗೊತ್ತು." ಮಾತು ಎಂದಿನಂತೆ ಮೃದುವಾಗಿತ್ತು. "ಬೇಡ ಅಂದ್ರೆ ಬಿಡಿ, ಬಲವಂತ ಇಲ್ಲ."

ಆ ಪೆನ್ನನ್ನು ಅವನ ಕಣ್ಣಿಗೆ ಚುಚ್ಚುವಷ್ಟು ಸಿಟ್ಟಿತ್ತು ಅವಳಲ್ಲಿ. ಅವಳು ಹೆಸರುಗಳನ್ನು ಓದಿದಳು. ಒಬ್ಬಳ ಗಂಡ ಹೋದ ವರ್ಷ ತೀರಿಕೊಂಡಿದ್ದ. ಇನ್ನೊಬ್ಬಳಿಗೆ ಮೂರು ಸಣ್ಣ ಮಕ್ಕಳು. ಮತ್ತೊಬ್ಬಳ ಮನೆಯಲ್ಲಿ ಹಾಸಿಗೆ ಹಿಡಿದ ಅತ್ತಿಗೆ. ಒಂಬತ್ತು ಮನೆಯ ಒಲೆಯೂ ಅವಳಿಗೆ ಗೊತ್ತಿತ್ತು, ಒಂದೊಂದನ್ನೂ ತೂಗಿ ನೋಡಿದೆ ಎಂದು ಆಮೇಲೆ ತನಗೆ ತಾನೇ ಹೇಳಿಕೊಂಡಳು. ಸುಳ್ಳು. ಅವಳ ಕೈ ಆಗಲೇ ಮೊದಲ ಹೆಸರಿನ ಮೇಲಿತ್ತು, ವೆರ್ಕಾಳದು. ದ್ರಾಗಿಶಾಗೆ ರೈಲ್ವೆ ಕೆಲಸ ಇದೆಯಲ್ಲ, ಮೂರು ಸಂಬಳದ ಮನೆ, ಎಂಬ ಕಾರಣ ಗೆರೆ ಎಳೆದ ಮೇಲೆ ನೆನಪಾಯಿತು. ಗೆರೆ ಎಳೆಯುವಾಗ ಅವಳ ಕಣ್ಣ ಮುಂದಿದ್ದದ್ದು ಶನಿವಾರ ನೋಟ್‌ಬುಕ್ ಇಟ್ಟ ಆ ಮೇಜು.

ಗೊರ್ದಾನ್ ಹಾಳೆ ಎತ್ತಿ ನೋಡಿದ. "ಒಂದೇ ನಿಮಿಷದಲ್ಲಿ," ಎಂದ. "ನೋಡಿ, ನಿಮ್ಮನ್ನ ನಿಧಾನ ಅಂತ ಬರೆದಿದಾರೆ."

ಅವಳು ಬಾಗಿಲು ಬಡಿದು ಹೊರಬಂದಳು. ಗೋಡೆಯಲ್ಲಿದ್ದ ತಿಯಾನಾಳ ಚಿಟ್ಟೆಯ ಚಿತ್ರವನ್ನು ಹರಿದು ಮೆಟ್ಟಿಲ ಮೇಲೆ ಎಸೆದಳು. ಬೇರೆ ಯಾರ ಬಾಯಿಂದಲೋ ವೆರ್ಕಾಳಿಗೆ ತಿಳಿಯಬಾರದು. ತಾನೇ ಹೇಳಬೇಕು, ಮುಖಕ್ಕೆ ಮುಖ ಕೊಟ್ಟು ಹೇಳಬೇಕು. ಅವಳು ಕೂಗಲಿ, ಶಪಿಸಲಿ, ಕೂದಲಿಗೆ ಕೈ ಹಾಕಲಿ. ಹಾಕಿದರೆ ಒಳ್ಳೆಯದೇ, ನೋಟ್‌ಬುಕ್ಕಿನ ಲೆಕ್ಕವನ್ನೂ ಅಲ್ಲೇ ತೀರಿಸಿಬಿಡಬಹುದು. ಹೇಳಬೇಕಾದ ಮಾತುಗಳನ್ನೆಲ್ಲ ಜೋಡಿಸಿಕೊಂಡೇ ಹೆಂಗಸರ ಬಟ್ಟೆ ಬದಲಿಸುವ ಕೋಣೆಗೆ ಹೋದಳು.

ವೆರ್ಕಾ ಒಬ್ಬಳೇ ಇದ್ದಳು. ಹೊಸ ಕೆಲಸದ ನೀಲಿ ಮೇಲಂಗಿ ತೊಟ್ಟು, ಕನ್ನಡಿಯ ಮುಂದೆ ಕಾಲರು ಸರಿಮಾಡಿಕೊಳ್ಳುತ್ತಿದ್ದಳು.

"ವೆರ್ಕಾ, ನಿನ್ನ ಹೆಸರು ಪಟ್ಟಿಯಿಂದ ಹೋಗಿದೆ," ಎಂದಳು ಲ್ಯುಪ್ಕಾ. "ಆ ಜಾಗಕ್ಕೆ ನಾನು. ಗೊರ್ದಾನ್ ಅಲ್ಲ ಹೊಡೆದುಹಾಕಿದ್ದು. ಹಾಳೆ ಕೊಟ್ಟ, ನಾನೇ ಹೊಡೆದುಹಾಕಿದೆ. ನನ್ನ ಕೈಯಾರೆ."

ವೆರ್ಕಾ ಕನ್ನಡಿಯಲ್ಲೇ ಅವಳನ್ನು ನೋಡಿದಳು. ಆಮೇಲೆ ಮೇಲಂಗಿಯ ಗುಂಡಿಗಳನ್ನು ಮೇಲಿಂದ ಒಂದೊಂದಾಗಿ ಬಿಚ್ಚಲು ಶುರು ಮಾಡಿದಳು.

"ಬೈಯೇ! ಏನಾದ್ರೂ ಅನ್ನು!" ಎಂದು ಲ್ಯುಪ್ಕಾ ಕೂಗಿದಳು. "ಶನಿವಾರ ಮೂರು ಗಂಟೆ ನಿನ್ನ ಎದುರಿಗೆ ಕೂತಿದ್ದೆ. ನಿನ್ನ ಮೆಣಸಿನಕಾಯಿ ಸುಲೀತಾ ಕೂತಿದ್ದೆ. ಒಂದು ಮಾತು ಬಂತಾ ನಿನ್ನ ಬಾಯಲ್ಲಿ? ನೋಟ್‌ಬುಕ್ ಕೊಡು ಅಂದೆ!"

"ಹ್ಞೂ, ಕೇಳ್ದೆ. ನಂಗೆ ಹೆದರಿಕೆಯಾಗಿತ್ತು, ಕೇಳ್ದೆ. ನೀನು ಕೊಟ್ಟೆ." ವೆರ್ಕಾ ಮೇಲಂಗಿ ಕಳಚಿ, ತೋಳುಗಳನ್ನು ಒಳಗೆ ಮಡಿಸಿ, ಹೊಸದು ಸುಕ್ಕಾಗದಂತೆ ಬೆಂಚಿನ ಮೇಲೆ ಚೌಕವಾಗಿ ಇಟ್ಟಳು. "ನೀನೂ ಕೇಳಿದ್ದಿದ್ರೆ ನಾನೂ ಕೊಡ್ತಿದ್ದೆ ಕೂಮಾ."

ಲ್ಯುಪ್ಕಾ ಅವಳ ತೋಳು ಹಿಡಿದು ತನ್ನ ಕಡೆ ತಿರುಗಿಸಿದಳು.

"ನಿಜವಾಗ್ಲೂ ಕೊಡ್ತಿದ್ಯಾ?" ಎಂದಳು. ಅವಳಿಗೆ ಆ ಉತ್ತರ ಬೇಕೇಬೇಕಾಗಿತ್ತು. ವೆರ್ಕಾ ಇಲ್ಲ ಅಂದುಬಿಟ್ಟಿದ್ದರೆ ಅವಳು ಬದುಕಿಕೊಳ್ಳುತ್ತಿದ್ದಳು.

ವೆರ್ಕಾ ತನ್ನ ಹಳೇ ಸ್ವೆಟರು ಕೈಗೆತ್ತಿಕೊಂಡು ಯೋಚಿಸಿದಳು. ಪ್ರಾಮಾಣಿಕವಾಗಿಯೇ ಯೋಚಿಸಿದಳು.

"ಈಗ ಹೇಗೆ ಹೇಳ್ಲಿ?" ಎಂದಳು. "ನೀನು ಕೇಳಲೇ ಇಲ್ವಲ್ಲ."

ಪಾಳಿಯ ಗಂಟೆ ಹೊಡೆಯಿತು. ವೆರ್ಕಾ ಚೀಲ ಹೆಗಲಿಗೆ ಹಾಕಿಕೊಂಡು ಹೊರಗೆ ಹೋದಳು. ಲ್ಯುಪ್ಕಾ ಮೇಲಂಗಿ ಎತ್ತಿಕೊಂಡು ತೋಳು ತೂರಿಸಿದಳು. ಅದರ ಒಳಗೆ ಇನ್ನೂ ಮೈಯ ಬಿಸಿ ಆರಿರಲಿಲ್ಲ.